‘ಝಿ’: ಅಮರತ್ವದ ಅಣಬೆಯ ಕೀರ್ತಿಯೂ ಪ್ರಮಾಣವೂ

ಚೀನದೇಶದ ವೈದ್ಯಗ್ರಂಥಗಳಲ್ಲಿಯೂ ರಾಜಚರಿತ್ರೆಗಳಲ್ಲಿಯೂ ‘ಝಿ’ ಅಥವಾ ‘ಲಿಂಗ್‌ಝಿ’ ಎಂಬ ಹೆಸರಿನಿಂದ ಪ್ರಸಿದ್ಧವಾದ ಅಣಬೆಯೊಂದುಂಟು. ಜಪಾನೀಯರು ಇದನ್ನು ‘ರೇಷಿ’ ಎನ್ನುತ್ತಾರೆ. ಮರದ ಬುಡದಲ್ಲಿ ಬೀಸಣಿಗೆಯಂತೆ ತಲೆಯನ್ನು ಚಾಚಿ, ಅರಗನ್ನು ಬಳಿದಂತೆ ಕೆಂಪಗೆ ಹೊಳೆಯುತ್ತ, ಮರದಷ್ಟೇ ಗಟ್ಟಿಯಾಗಿ ಬೆಳೆಯುವ ಇದು ಬೇಯಿಸಿ ಉಣ್ಣತಕ್ಕ ವಸ್ತುವಲ್ಲ. ಕಷಾಯಕ್ಕೆ ಅಥವಾ ಚೂರ್ಣಕ್ಕೆ ಮಾತ್ರ ಸಲ್ಲತಕ್ಕದ್ದು. ಈಚೆಗೆ ನಮ್ಮ ಪಟ್ಟಣಗಳಲ್ಲಿಯೂ ಇದರ ಪುಡಿಯನ್ನು ತುಂಬಿದ ಗುಳಿಗೆಗಳು ದೊರೆಯುತ್ತಿದ್ದು, ಅವುಗಳೊಡನೆ ಒಂದು ವಾಕ್ಯವೂ ತಪ್ಪದೆ ಬರುತ್ತಿದೆ. ಎರಡು ಸಾವಿರ ವರ್ಷಗಳಿಂದ ಈ ಅಣಬೆಯು ರೋಗನಿರೋಧಕ ಶಕ್ತಿಯನ್ನು ಹೆಚ್ಚಿಸುವುದಕ್ಕೂ ಕ್ಯಾನ್ಸರ್ ರೋಗಿಗಳಿಗೆ ಬಲವನ್ನು ಕೊಡುವುದಕ್ಕೂ ಬಳಕೆಯಾಗಿದೆ ಎಂಬುದೇ ಆ ವಾಕ್ಯ.

ಈ ಒಂದು ವಾಕ್ಯದಲ್ಲಿ ಎರಡು ಚರಿತ್ರೆಗಳು ಬೆಸೆದುಹೋಗಿವೆ. ಒಂದು, ಹಾನ್ ರಾಜರ ಕಾಲಕ್ಕೂ ಹಿಂದಿನಿಂದ ನಡೆದುಬಂದ ಗ್ರಂಥಗಳ ಚರಿತ್ರೆ. ಇನ್ನೊಂದು, ೧೯೬೦ರ ದಶಕದ ಕೊನೆಯಲ್ಲಿ ಜಪಾನಿನಲ್ಲಿ ಪ್ರಾರಂಭವಾದ ಪ್ರಯೋಗಗಳ ಚರಿತ್ರೆ. ಇವೆರಡನ್ನೂ ಬಿಡಿಸಿ ನೋಡುವುದು ಈ ಲೇಖನದ ಉದ್ದೇಶ. ವೈದ್ಯರ ಕೆಲಸವನ್ನು ಸಾಹಿತ್ಯದ ವಿದ್ಯಾರ್ಥಿಯು ಮಾಡಲಾರನು. ಆದರೆ ಹಳೆಯ ಪಾಠವು ಹೇಳದುದನ್ನು ಅದರ ಬಾಯಲ್ಲಿ ಹೇಳಿಸಿದಾಗ ಅದನ್ನು ತೋರಿಸಿಕೊಡುವ ಹೊಣೆಯು ಅವನದೇ. ರೋಗಿಯೊಬ್ಬನು ಆ ಮಾತನ್ನು ನಂಬಿ ಹಣವನ್ನೂ ಮರಳಿ ಬಾರದ ಕಾಲವನ್ನೂ ವೆಚ್ಚಮಾಡುವಾಗ ಇದು ಕೇವಲ ಪಾಂಡಿತ್ಯದ ಪ್ರಶ್ನೆಯಾಗಿ ಉಳಿಯುವುದಿಲ್ಲ.

‘ಝಿ’ಯನ್ನು ಕುರಿತ ಹಳೆಯ ಉಲ್ಲೇಖಗಳಲ್ಲಿ ಮುಖ್ಯವಾದುದೊಂದು ಸಿಮಾ ಚಿಯೆನ್ ಎಂಬ ಚರಿತ್ರಕಾರನ ‘ಷಿಜಿ’ಯಲ್ಲಿದೆ. ಕ್ರಿ. ಪೂ. ೨೨೧ರಲ್ಲಿ ಚೀನವನ್ನು ಒಂದುಗೂಡಿಸಿದ ಚಿನ್ ಚಕ್ರವರ್ತಿಯು ಸಾವಿಗೆ ಅಂಜಿ ಸಿದ್ಧರನ್ನೂ ಮಾಂತ್ರಿಕರನ್ನೂ ಸಾಕಿಕೊಂಡಿದ್ದನು. ಅವರಲ್ಲಿ ಲು ಎಂಬವನು ಕ್ರಿ. ಪೂ. ೨೧೨ರಲ್ಲಿ ದೊರೆಯ ಮುಂದೆ ನಿಂತು, ತಾವು ಝಿಯನ್ನೂ ಅಪೂರ್ವವಾದ ಔಷಧಗಳನ್ನೂ ಅಮರರನ್ನೂ ಎಷ್ಟು ಹುಡುಕಿದರೂ ಎದುರುಗೊಳ್ಳಲಾಗಲಿಲ್ಲವೆಂದೂ, ಏನೋ ಒಂದು ಅಡ್ಡಬರುತ್ತಿದೆಯೆಂದೂ ಅರಿಕೆಮಾಡಿಕೊಂಡನು. ಆ ವರ್ಷವೇ ಅವನು ರಾಜಧಾನಿಯಿಂದ ತಲೆತಪ್ಪಿಸಿಕೊಂಡು ಓಡಿಹೋದನೆಂಬುದೂ ಅದೇ ಗ್ರಂಥದಿಂದ ತಿಳಿಯಬರುತ್ತದೆ. ಇಲ್ಲಿ ಝಿಯು ಯಾವ ರೋಗಕ್ಕೂ ಮದ್ದಲ್ಲ. ಸಿಕ್ಕದ ವಸ್ತುಗಳ ಸಾಲಿನಲ್ಲಿ ಅಮರರ ಪಕ್ಕದಲ್ಲಿ ನಿಂತಿರುವ ಇನ್ನೊಂದು ಸಿಕ್ಕದ ವಸ್ತು.

ನೂರು ವರ್ಷಗಳ ತರುವಾಯ ಅದು ಸಿಕ್ಕಿತು. ಹಾನ್ ವಂಶದ ವು ಚಕ್ರವರ್ತಿಯ ಕಾಲದಲ್ಲಿ, ಕ್ರಿ. ಪೂ. ೧೦೯ರಲ್ಲಿ, ಗಾನ್‌ಚುವಾನ್ ಅರಮನೆಯ ಒಳಕೋಣೆಯೊಂದರಲ್ಲಿ ಒಂಬತ್ತು ಕಾಂಡಗಳ ಝಿ ಮೂಡಿತೆಂದು ‘ಹಾನ್‌ಶು’ ಎಂಬ ಚರಿತ್ರೆಯು ಬರೆದಿದೆ. ದೊರೆಯು ಅಪರಾಧಿಗಳಿಗೆ ಕ್ಷಮೆಯನ್ನು ಸಾರಿದನು. ಆ ಅಣಬೆಯನ್ನು ಕುರಿತು ಸ್ತುತಿಗೀತವೊಂದು ರಚಿತವಾಯಿತು. ಅರಮನೆಯ ತೊಲೆಗಂಬಗಳು ಮುದಿಯಾಗಿದ್ದುವೆಂದು ಒಬ್ಬ ಬಡಗಿಯು ಹೇಳಬಹುದಾಗಿದ್ದಲ್ಲಿ, ಆಸ್ಥಾನದವರು ಸ್ವರ್ಗವು ರಾಜನನ್ನು ಮೆಚ್ಚಿತೆಂದು ಹೇಳಿದರು. ಹೀಗೆ ಝಿಯು ಆಳುವವನ ಪುಣ್ಯಕ್ಕೆ ಸಾಕ್ಷಿಯಾಯಿತು. ಮುಂದೆ ಬಹುಕಾಲ ಈ ಅಧಿಕಾರವನ್ನು ಅದು ಕಳೆದುಕೊಳ್ಳಲಿಲ್ಲ.

ವೈದ್ಯಗ್ರಂಥಗಳಿಗೆ ಬಂದರೆ, ಎಲ್ಲರೂ ಆಧಾರವಾಗಿ ಹಿಡಿಯುವುದು ‘ಷೆನ್‌ನೊಂಗ್ ಬೆನ್‌ತ್ಸಾವ್ ಜಿಂಗ್’ ಎಂಬ ದ್ರವ್ಯಗುಣಗ್ರಂಥವನ್ನು. ಕೃಷಿದೇವತೆಯ ಹೆಸರಿನಲ್ಲಿರುವ ಇದರ ಮೂಲವು ನಷ್ಟವಾಗಿದೆ; ಕ್ರಿ. ಶ. ೫೦೦ರ ಸುಮಾರಿಗೆ ತಾವ್ ಹೊಂಗ್‌ಜಿಂಗ್ ಎಂಬ ಪಂಡಿತನು ಸಂಸ್ಕರಿಸಿದ ಪಾಠದ ಮೂಲಕವೂ ಅನಂತರದ ಗ್ರಂಥಗಳ ಉದ್ಧರಣಗಳ ಮೂಲಕವೂ ನಮಗೆ ದೊರೆತಿದೆ. ಕ್ರಿಸ್ತಶಕದ ಮೊದಲ ಎರಡು ಶತಮಾನಗಳಲ್ಲಿ ಇದು ಕೂಡಿಬಂದಿರಬೇಕೆಂಬುದು ಸಾಮಾನ್ಯವಾದ ಅಭಿಪ್ರಾಯ. ಇದರಲ್ಲಿ ೩೬೫ ದ್ರವ್ಯಗಳಿವೆ. ವರ್ಷದ ದಿನಗಳೂ ಅಷ್ಟೇ ಎಂಬುದು ಆಕಸ್ಮಿಕವಲ್ಲ. ಗ್ರಂಥಕಾರನಿಗೆ ಎಣಿಕೆಯ ಅಂದವು ಪ್ರಿಯವಾಗಿತ್ತು. ಈ ದ್ರವ್ಯಗಳನ್ನು ಉತ್ತಮ, ಮಧ್ಯಮ, ಅಧಮವೆಂದು ವಿಂಗಡಿಸಿ, ಆಯುಸ್ಸನ್ನು ಬೆಳೆಸುವ ಉತ್ತಮವರ್ಗದಲ್ಲಿ ಝಿಯನ್ನು ಇರಿಸಲಾಗಿದೆ.

ಆದರೆ ಇರಿಸಿರುವುದು ಒಂದು ಝಿಯನ್ನಲ್ಲ, ಆರನ್ನು. ಹಸುರು ಝಿಯು ತಾಯ್ ಪರ್ವತದಲ್ಲಿ ಹುಟ್ಟುತ್ತದೆ, ಹುಳಿಯಾಗಿದೆ, ಯಕೃತ್ತಿಗೆ ಹಿತ. ಕೆಂಪು ಝಿಯು ಹುವೊ ಪರ್ವತದ್ದು, ಕಹಿ, ಹೃದಯಕ್ಕೆ ಹಿತ. ಹಳದಿಯದು ಸಿಹಿ, ಪ್ಲೀಹಕ್ಕೆ. ಬಿಳಿಯದು ಖಾರ, ಶ್ವಾಸಕೋಶಕ್ಕೆ. ಕರಿಯದು ಉಪ್ಪು, ಮೂತ್ರಪಿಂಡಕ್ಕೆ. ಆರನೆಯದಾದ ನೇರಿಳೆಯ ಝಿಯೊಂದು ಈ ಪಂಕ್ತಿಗೆ ಸೇರದೆ ಕಡೆಯಲ್ಲಿ ನಿಂತಿದೆ. ಐದು ಬಣ್ಣ, ಐದು ರುಚಿ, ಐದು ಪರ್ವತ, ಐದು ಅವಯವ: ಇದು ಕಾಡಿನಲ್ಲಿ ಅಲೆದು ರುಚಿನೋಡಿದವನ ಬರಹವಲ್ಲ, ಪಂಚತತ್ತ್ವಗಳ ಕೋಷ್ಠಕವನ್ನು ಮುಂದಿಟ್ಟುಕೊಂಡು ತುಂಬಿದವನ ಬರಹ. ನಮ್ಮಲ್ಲಿಯೂ ಇಂತಹ ಕೋಷ್ಠಕಗಳು ಕಡಮೆಯಿಲ್ಲವಾದುದರಿಂದ ಇದನ್ನು ಗುರುತಿಸುವುದು ನಮಗೆ ಕಷ್ಟವಾಗಲಾರದು. ನಿಜವಾದ ಲಿಂಗ್‌ಝಿಯನ್ನು ನಾಲಿಗೆಯ ಮೇಲಿಟ್ಟವನಿಗೆ ಒಂದೇ ರುಚಿ ತಿಳಿಯುತ್ತದೆ, ಅದು ಕಹಿ.

ಕೆಂಪು ಝಿಯನ್ನು ಕುರಿತ ವಾಕ್ಯದಲ್ಲಿ ‘ಎದೆಯೊಳಗಣ ಗಂಟು’ ಎಂಬ ಅರ್ಥವನ್ನು ಕೊಡಬಲ್ಲ ಒಂದು ಪದವಿದೆ. ಇಂದಿನವರು ಇದನ್ನು ಅರ್ಬುದವೆಂದು ಓದುವುದು ಬಹಳ ಸುಲಭ. ಆ ಪದದ ಉಚ್ಚಾರಣೆಯು ‘ಜಿಯೆ’ ಎಂದು. ಚೀನೀಯರ ವೈದ್ಯಪರಿಭಾಷೆಯಲ್ಲಿ ಅದಕ್ಕೆ ಕಟ್ಟಿಕೊಳ್ಳುವಿಕೆ, ಹರಿಯಬೇಕಾದುದು ಹರಿಯದೆ ತಡೆಯಾಗುವಿಕೆ ಎಂಬುದೇ ಅರ್ಥವಾಗಿ, ದುಃಖದಿಂದ ಎದೆ ಕಟ್ಟುವುದಕ್ಕೂ ಅದು ಸಲ್ಲುತ್ತದೆ. ರೋಗನಿರೋಧಕ ಶಕ್ತಿಯ ವಿಷಯವಂತೂ ಅಲ್ಲಿ ಹೇಳಿಯೇ ಇಲ್ಲ. ಬಹುಕಾಲ ಸೇವಿಸಿದರೆ ಮೈ ಹಗುರವಾಗುವುದು, ಮುಪ್ಪು ಬಾರದು, ಆಯುಸ್ಸು ಬೆಳೆದು ಅಮರರ ಗುಂಪಿಗೆ ಸೇರಬಹುದು ಎಂಬುದಷ್ಟೇ ಗ್ರಂಥದ ತಾತ್ಪರ್ಯ. ಈ ಮಾತನ್ನು ‘ರೋಗನಿರೋಧಕ’ವೆಂದು ಪರಿವರ್ತಿಸುವವರು ಅದರಲ್ಲಿ ನಂಬಲಾಗದ ಭಾಗವನ್ನು ಬಿಟ್ಟು, ನಂಬಬಹುದಾದ ಹೊಸ ಮಾತೊಂದನ್ನು ಅದೇ ಸ್ಥಾನದಲ್ಲಿ ಕೂರಿಸುತ್ತಾರೆ, ಪ್ರಾಚೀನತೆಯ ಗೌರವವನ್ನು ಮಾತ್ರ ಹಾಗೆಯೇ ಉಳಿಸಿಕೊಳ್ಳುತ್ತಾರೆ.

ಝಿ ಎಂಬ ಪದಕ್ಕೆ ಅಣಬೆಯೆಂಬ ಅರ್ಥವೇ ನಿಶ್ಚಿತವಾಗಿರಲಿಲ್ಲವೆಂಬುದಕ್ಕೆ ಗೆ ಹೊಂಗ್ ಎಂಬ ದಾವೋಪಂಥದ ಪಂಡಿತನ (೨೮೩–೩೪೩) ‘ಬಾವ್‌ಪೂಝಿ’ ಎಂಬ ಗ್ರಂಥವೇ ಸಾಕ್ಷಿ. ಅವನ ಲೆಕ್ಕದಲ್ಲಿ ಝಿಗಳು ಐದು ಜಾತಿ: ಕಲ್ಲಿನವು, ಮರದವು, ಗಿಡದವು, ಮಾಂಸದವು, ಅಣಬೆಯವು, ಒಂದೊಂದರಲ್ಲಿಯೂ ನೂರಕ್ಕೂ ಹೆಚ್ಚು ಬಗೆಗಳುಂಟಂತೆ. ಎಂದರೆ, ಅವನ ಎಣಿಕೆಯಲ್ಲಿ ಅಣಬೆಯು ಐದರಲ್ಲಿ ಒಂದು ಪಾಲು ಮಾತ್ರ. ಹೀಗಿರಲು, ಹಳೆಯ ಗ್ರಂಥದಲ್ಲಿ ಝಿ ಎಂದು ಕಂಡಲ್ಲೆಲ್ಲ ಇಂದಿನ ಗುಳಿಗೆಯೊಳಗಿನ ಅಣಬೆಯೇ ಎಂದು ತಿಳಿಯುವುದು, ‘ಸೋಮ’ವೆಂದು ಕಂಡಲ್ಲೆಲ್ಲ ತನಗೆ ತಿಳಿದ ಬಳ್ಳಿಯೊಂದನ್ನು ಕಾಣುವವನ ಅವಸರದಂತೆಯೇ ಸರಿ.

ನಮ್ಮ ಆಯುರ್ವೇದವು ಈ ವಿಷಯದಲ್ಲಿ ಹಿಡಿದ ದಾರಿ ಬೇರೆ. ಧರ್ಮಶಾಸ್ತ್ರವು ಛತ್ರಾಕವನ್ನು ದ್ವಿಜರಿಗೆ ನಿಷೇಧಿಸಿತು; ಮನುಸ್ಮೃತಿಯ ಐದನೆಯ ಅಧ್ಯಾಯದಲ್ಲಿ ಅದು ಬೆಳ್ಳುಳ್ಳಿ ಈರುಳ್ಳಿಗಳ ಜೊತೆಯಲ್ಲಿ ಬಂದಿದೆ. ಚರಕಸಂಹಿತೆಯು ಸರ್ಪಚ್ಛತ್ರಕವನ್ನು ವರ್ಜಿಸಿ, ಉಳಿದ ಅಣಬೆಗಳು ಶೀತ, ಮಧುರ, ಗುರು, ನೆಗಡಿಯನ್ನುಂಟುಮಾಡತಕ್ಕವು ಎನ್ನುತ್ತದೆ. ಸುಶ್ರುತಸಂಹಿತೆಯು ಇನ್ನೂ ಸೂಕ್ಷ್ಮವಾಗಿ, ಹುಲ್ಲಿನಲ್ಲಿ, ಕಬ್ಬಿನ ಸಿಪ್ಪೆಯಲ್ಲಿ, ಒಣಸಗಣಿಯಲ್ಲಿ, ಬಿದಿರಿನಲ್ಲಿ, ನೆಲದಲ್ಲಿ ಹುಟ್ಟಿದವುಗಳ ಗುಣಗಳನ್ನು ಬೇರೆಬೇರೆಯಾಗಿ ಹೇಳುತ್ತದೆ. ಇವೆಲ್ಲ ಶಾಕವರ್ಗದ ಮಾತುಗಳು. ರಸಾಯನಪ್ರಕರಣದಲ್ಲಿ ಅಣಬೆಗೆ ಆ ಕಿರೀಟವು ದೊರೆಯಲಿಲ್ಲ. ಕೊಂಕಣದ ವೈದ್ಯರು ಹಲಸಿನ ಮರದ ಗಟ್ಟಿ ಅಣಬೆಯನ್ನು ತೇದು ಮಕ್ಕಳ ಬಾಯಿಹುಣ್ಣಿಗೆ ಬಳಸುವುದುಂಟು; ಅದು ಸಣ್ಣ ರೋಗಕ್ಕೆ ಸಣ್ಣ ಮದ್ದು. ನಾವು ಇದಕ್ಕಿಟ್ಟ ‘ನಾಯಿಕೊಡೆ’ಯೆಂಬ ಹೆಸರಿನಲ್ಲಿಯೂ ಪೂಜ್ಯಭಾವವೇನೂ ಕಾಣುವುದಿಲ್ಲ.

ಚೀನದಲ್ಲಿಯೇ ಈ ಕೀರ್ತಿಯನ್ನು ಸಂಶಯಿಸಿದವರಿರಲಿಲ್ಲವೆ? ಇದ್ದರು, ಅವರಲ್ಲಿ ಅತ್ಯಂತ ಮುಖ್ಯನಾದವನು ಲಿ ಷಿಝೆನ್ (೧೫೧೮–೧೫೯೩). ಅವನ ‘ಬೆನ್‌ತ್ಸಾವ್ ಗಾಂಗ್‌ಮು’ ಎಂಬ ದ್ರವ್ಯಕೋಶವು ಅವನು ತೀರಿಕೊಂಡ ಮೇಲೆ ೧೫೯೬ರಲ್ಲಿ ನಾನ್‌ಜಿಂಗ್ ನಗರದಲ್ಲಿ ಅಚ್ಚಾಯಿತು. ೧,೮೯೨ ದ್ರವ್ಯಗಳನ್ನು ಅದು ವಿವರಿಸುತ್ತದೆ. ಝಿಯನ್ನು ಅವನು ಕಾಯಿಪಲ್ಯದ ವರ್ಗದಲ್ಲಿ ಸೇರಿಸಿದನು. ಹಳೆಯ ಪಾಠಗಳನ್ನೆಲ್ಲ ಕ್ರಮವಾಗಿ ಉದ್ಧರಿಸಿ, ಕೊನೆಗೆ ತನ್ನ ಅಭಿಪ್ರಾಯವನ್ನು ಮುಚ್ಚುಮರೆಯಿಲ್ಲದೆ ಹೇಳಿದ್ದಾನೆ: ಝಿಯು ಕೊಳೆತ ವಸ್ತುವಿನ ಉಳಿದ ಉಸಿರಿನಿಂದ ಹುಟ್ಟಿದುದು, ಮನುಷ್ಯನ ಮೈಯಲ್ಲಿ ಗಂತಿಯೂ ದುರ್ಮಾಂಸವೂ ಬೆಳೆಯುವಂತೆ, ಅದನ್ನು ಮಂಗಳಕರವೆಂದೂ ತಿಂದವನು ಅಮರನಾಗುವನೆಂದೂ ಹೇಳುವುದು ಶುದ್ಧ ಅವಿವೇಕ. ಗಂತಿಗೆ ಮದ್ದೆಂದು ಇಂದು ಮಾರಾಟವಾಗುವ ವಸ್ತುವನ್ನು ಚೀನದ ಅತ್ಯಂತ ದೊಡ್ಡ ದ್ರವ್ಯಗುಣಜ್ಞನು ಮರದ ಗಂತಿಯೆಂದೇ ಕರೆದಿದ್ದನೆಂಬುದು ಗಮನಿಸತಕ್ಕ ಅಂಶ. ತನಗೆ ಮೊದಲೇ ಇಂತಹ ಸಂಶಯವನ್ನು ಸೂಚಿಸಿದವನೆಂದು ತಾಂಗ್ ಕಾಲದ ದುವಾನ್ ಚೆಂಗ್‌ಶಿಯನ್ನು ಅವನು ನೆನೆಯುತ್ತಾನೆ. ಮನೆಯ ಕಂಬದಲ್ಲಿ ಝಿ ಮೂಡಿದರೆ ಬಿಳಿಯದು ಸಾವಿಗೂ, ಕೆಂಪಿನದು ರಕ್ತಪಾತಕ್ಕೂ, ಕರಿಯದು ಕಳ್ಳತನಕ್ಕೂ ಶಕುನವೆಂದು ದುವಾನನು ಬರೆದಿದ್ದನು. ಹಳದಿಯದು ಮಾತ್ರ ಶುಭ.

ಲಿ ಷಿಝೆನನ ಮಾತು ಬರಿಯ ತರ್ಕದಿಂದ ಬಂದುದಲ್ಲ. ಅವನ ಕಾಲದಲ್ಲಿ ಆಳುತ್ತಿದ್ದ ಮಿಂಗ್ ವಂಶದ ಜಿಯಾಜಿಂಗ್ ಚಕ್ರವರ್ತಿಯು ಚಿರಾಯುಸ್ಸಿನ ಹಂಬಲದಿಂದ ದೇಶದ ಬೆಟ್ಟಬೆಟ್ಟಗಳಿಂದ ಝಿಯನ್ನು ತರಿಸುತ್ತಿದ್ದನು. ಸಾವಿರಗಟ್ಟಲೆ ಅಣಬೆಗಳು ಅರಮನೆಗೆ ಬಂದುವು. ಬೇಡಿಕೆಯಿದ್ದಲ್ಲಿ ಕೌಶಲವೂ ಹುಟ್ಟುತ್ತದೆ. ಮಾಂತ್ರಿಕರು ತೇವದ ಜಾಗದಲ್ಲಿ ಮರವನ್ನು ಒಟ್ಟಿ, ಅದಕ್ಕೆ ಮದ್ದನ್ನು ಬಳಿದು ಐದು ಬಣ್ಣದ ಝಿಗಳನ್ನು ಬೆಳೆಯಿಸುತ್ತಾರೆಂದೂ, ವಾಂಗ್ ಜಿನ್ ಎಂಬವನು ಹೀಗೆ ಬೆಳೆದುದನ್ನೇ ಚಕ್ರವರ್ತಿಗೆ ಒಪ್ಪಿಸಿದನೆಂದೂ ಲಿ ಷಿಝೆನನು ಹೆಸರು ಹಿಡಿದು ಬರೆದಿದ್ದಾನೆ. ಹಿಂದಿನವರು ಇದನ್ನು ಹೇಳಿಲ್ಲ, ಆದರೆ ತಿಳಿದಿರಬೇಕಾದುದು, ಎಂಬುದು ಅವನ ಒಕ್ಕಣೆಯ ಭಾವ. ಈ ವಾಂಗ್ ಜಿನನು ಝಿಗಳನ್ನು ರಾಶಿಹಾಕಿ ಹತ್ತುಸಾವಿರ ವರ್ಷಗಳ ಝಿಪರ್ವತವೆಂದು ಹೆಸರಿಟ್ಟು ಕಾಣಿಕೆ ಕೊಟ್ಟವನು. ಹತ್ತುಸಾವಿರ ವರ್ಷ ಬಾಳಬೇಕಾಗಿದ್ದ ಚಕ್ರವರ್ತಿಯು ೧೫೬೭ರಲ್ಲಿ ಅರುವತ್ತನ್ನೂ ಮುಟ್ಟದೆ ತೀರಿಕೊಂಡನು. ಅವನಿಗೆ ಮದ್ದು ತಿನ್ನಿಸಿದ ಆಪಾದನೆಯಿಂದ ವಾಂಗ್ ಜಿನನು ಸೆರೆಮನೆಯನ್ನು ಸೇರಿದನು.

ಇಲ್ಲಿಗೆ ಗ್ರಂಥಗಳ ಚರಿತ್ರೆಯು ಮುಗಿಯಿತೆನ್ನಬಹುದು. ಅಣಬೆಯ ಶಾಸ್ತ್ರೀಯ ನಾಮದ ಕಥೆಯನ್ನು ಎರಡು ಮಾತಿನಲ್ಲಿ ಹೇಳಿದರೆ ಸಾಕು. ೧೭೮೧ರಲ್ಲಿ ವಿಲಿಯಂ ಕರ್ಟಿಸನು ಇಂಗ್ಲೆಂಡಿನ ಅಣಬೆಯೊಂದಕ್ಕೆ ‘ಲೂಸಿಡಸ್’ ಎಂದರೆ ಹೊಳೆಯತಕ್ಕದ್ದೆಂಬ ಹೆಸರನ್ನಿಟ್ಟನು, ೧೮೮೧ರಲ್ಲಿ ಕಾರ್ಸ್ಟೆನ್ನನು ಅದನ್ನು ‘ಗ್ಯಾನೋಡರ್ಮ’ವೆಂಬ ಹೊಸ ಕುಲಕ್ಕೆ ಸೇರಿಸಿದನು, ಚೀನದ ಅಣಬೆಯನ್ನೂ ಬಹುಕಾಲ ಅದೇ ಹೆಸರಿನಿಂದ ಕರೆಯುತ್ತಿದ್ದರು. ಅದು ಬೇರೆಯೇ ಜಾತಿಯೆಂದು ಚೀನದ ವಿದ್ವಾಂಸರು ಪ್ರತ್ಯೇಕಿಸಿ ‘ಗ್ಯಾನೋಡರ್ಮ ಲಿಂಗ್‌ಝಿ’ ಎಂದು ಹೆಸರಿಟ್ಟುದು ೨೦೧೨ರಲ್ಲಿ. ಎರಡು ಸಾವಿರ ವರ್ಷಗಳ ಬಳಕೆಯೆಂದು ಹೇಳಿಕೊಳ್ಳುವ ವಸ್ತುವಿಗೆ ನಿಷ್ಕೃಷ್ಟವಾದ ಹೆಸರು ಬಂದುದು ಮೊನ್ನೆಮೊನ್ನೆ.

ಎರಡನೆಯ ಚರಿತ್ರೆಯಲ್ಲಿ ಮೊದಲು ಕಾಣಿಸಿಕೊಳ್ಳುವುದು ಅಮರತ್ವದ ಅಣಬೆಯಲ್ಲ, ಅಡಿಗೆಮನೆಯ ಅಣಬೆ. ಜಪಾನೀಯರ ‘ಷೀತಾಕೆ’ಯ ಬೇಸಾಯವನ್ನು ಚೀನದ ವಾಂಗ್ ಝೆನ್ ಎಂಬವನು ೧೩೧೩ರ ಕೃಷಿಗ್ರಂಥದಲ್ಲಿಯೇ ವರ್ಣಿಸಿದ್ದಾನೆ. ಮರವನ್ನು ಕಡಿದು, ಕೊಡಲಿಯಿಂದ ಕಚ್ಚುಮಾಡಿ, ಮಣ್ಣು ಮುಚ್ಚಿ, ಕಾಲ ಬಂದಾಗ ದಿಮ್ಮಿಗೆ ಕೊಡತಿಯಿಂದ ಹೊಡೆದು ಅಣಬೆಯನ್ನು ‘ಬೆಚ್ಚಿಬೀಳಿಸುವ’ ಆ ಕ್ರಮದಲ್ಲಿ ಸ್ವರ್ಗದ ಮಾತಿಲ್ಲ. ಊಟದ ಮಾತು ಮಾತ್ರವಿದೆ. ೧೯೬೯ರಲ್ಲಿ ಟೋಕಿಯೋವಿನ ರಾಷ್ಟ್ರೀಯ ಕ್ಯಾನ್ಸರ್ ಕೇಂದ್ರದ ಇಕೆಕಾವ ತೆತ್ಸುರೋ ಮತ್ತು ಅವರ ಸಹಚರರು ಇಂತಹ ತಿನ್ನುವ ಅಣಬೆಗಳನ್ನು ಬಿಸಿನೀರಿನಲ್ಲಿ ಕುದಿಸಿ ತೆಗೆದ ಸಾರವನ್ನು, ಗಂತಿಯನ್ನು ಕಸಿಮಾಡಿದ ಇಲಿಗಳಿಗೆ ಚುಚ್ಚಿ ನೋಡಿದರು. ಷೀತಾಕೆಯ ಸಾರದಿಂದ ಗಂತಿಯ ಬೆಳವಣಿಗೆಯು ಶೇಕಡ ೮೦.೭ರಷ್ಟು ಕುಗ್ಗಿತೆಂದು ಅವರು ಪ್ರಕಟಿಸಿದರು. ಅದೇ ವರ್ಷ ಚಿಹಾರ ಗೋರೋ ಮತ್ತು ಅವರ ಸಂಗಡಿಗರು ಅದರಲ್ಲಿನ ಪಾಲಿಸ್ಯಾಕರೈಡನ್ನು ಬೇರ್ಪಡಿಸಿದರು, ಇದೇ ‘ಲೆಂಟಿನಾನ್’. ಗ್ಲೂಕೋಸಿನ ಘಟಕಗಳು ಸರಪಣಿಯಂತೆ ಕೂಡಿ, ಐದೈದು ಘಟಕಗಳಿಗೆ ಎರಡೆರಡು ಕವಲೊಡೆದ ಬೀಟಾ–ಗ್ಲೂಕಾನ್ ಎಂಬ ವಸ್ತು ಇದು.

ಇದು ಗಂತಿಯ ಜೀವಕೋಶಗಳನ್ನು ನೇರವಾಗಿ ಕೊಲ್ಲಲಿಲ್ಲ. ಹುಟ್ಟಿದೊಡನೆ ಥೈಮಸ್ ಗ್ರಂಥಿಯನ್ನು ತೆಗೆದುಬಿಟ್ಟ ಇಲಿಗಳಲ್ಲಿ ಇದರ ಪ್ರಭಾವವು ಕಾಣಲಿಲ್ಲವೆಂದು ೧೯೭೧ರಲ್ಲಿ ಪ್ರಕಟವಾಯಿತು. ಆ ಗ್ರಂಥಿಯು ದೇಹದ ರಕ್ಷಣೆಗೆ ಬೇಕಾದ ಒಂದು ಬಗೆಯ ಬಿಳಿಯ ರಕ್ತಕಣಗಳು ಪಕ್ವವಾಗುವ ಸ್ಥಾನ. ಆದುದರಿಂದ ಮದ್ದು ಕೆಲಸಮಾಡುವುದು ದೇಹದ ಸ್ವಂತ ಕಾವಲುಗಾರರ ಮೂಲಕವೆಂದು ತೋರಿತು. ಬೀಟಾ–ಗ್ಲೂಕಾನು ಶಿಲೀಂಧ್ರಗಳ ಕೋಶಭಿತ್ತಿಯ ವಸ್ತು. ಅದನ್ನು ಗುರುತಿಸುವ ‘ಡೆಕ್ಟಿನ್–೧’ ಎಂಬ ಗ್ರಾಹಕವು ನಮ್ಮ ರಕ್ಷಕಕಣಗಳ ಮೇಲಿರುವುದು ೨೦೦೧ರಲ್ಲಿ ಗೊತ್ತಾಯಿತು. ಅಣಬೆಯ ವಿಷಯದಲ್ಲಿ ‘ರೋಗನಿರೋಧಕ ಶಕ್ತಿ’ ಎಂಬ ಮಾತಿಗೆ ಪ್ರಯೋಗದ ಆಧಾರವು ಹುಟ್ಟಿದುದು ಇಲ್ಲಿ, ಹಾನ್ ಕಾಲದಲ್ಲಿ ಅಲ್ಲ.

ಇನ್ನೊಂದು ಮದ್ದು ಇನ್ನೂ ಸಾಮಾನ್ಯವಾದ ಅಣಬೆಯಿಂದ ಬಂದಿತು. ಬಿದ್ದ ದಿಮ್ಮಿಗಳ ಮೇಲೆ ಬಣ್ಣದ ಪಟ್ಟೆಗಳುಳ್ಳ ತೆಳ್ಳನೆಯ ಬಿಲ್ಲೆಗಳಾಗಿ, ಒಂದರ ಮೇಲೊಂದು ಹೊದಿಸಿದಂತೆ ಬೆಳೆಯುವ ಇದಕ್ಕೆ ಜಪಾನೀಯರು ‘ಕವಾರತಾಕೆ’, ಎಂದರೆ ಹೆಂಚಿನ ಅಣಬೆ, ಎಂದು ಹೆಸರಿಟ್ಟಿದ್ದಾರೆ. ಚೀನದಲ್ಲಿ ಇದನ್ನು ಈಗ ‘ಮುಗಿಲ ಝಿ’ ಎಂಬ ಅರ್ಥದ ಹೆಸರಿನಿಂದ ಕರೆಯುವುದರಿಂದ ಝಿ ಎಂಬ ಪದವು ಮತ್ತೊಮ್ಮೆ ಹಿಗ್ಗಿದೆ. ಕುರೆಹಾ ರಾಸಾಯನಿಕ ಸಂಸ್ಥೆಯವರು ಇದರಿಂದ ತೆಗೆದ ‘ಕ್ರೆಸ್ಟಿನ್’ ಎಂಬ ಬಾಯಿಮದ್ದಿಗೆ ಜಪಾನಿನ ಸರ್ಕಾರವು ೧೯೭೭ರಲ್ಲಿ ಅನುಮತಿ ಕೊಟ್ಟಿತು. ಲೆಂಟಿನಾನ್ ಚುಚ್ಚುಮದ್ದಿಗೆ ೧೯೮೫ರಲ್ಲಿ ಅನುಮತಿ ದೊರೆಯಿತು. ಕ್ರೆಸ್ಟಿನ್ ಕೆಲವು ವರ್ಷ ಹೇರಳವಾಗಿ ಮಾರಾಟವಾಯಿತು. ೧೯೮೯ರಲ್ಲಿ ಸರ್ಕಾರವು ಪುನರ್ವಿಮರ್ಶೆ ನಡೆಸಿ, ಅದನ್ನು ರಾಸಾಯನಿಕ ಚಿಕಿತ್ಸೆಯೊಡನೆ ಕೂಡಿಸಿಯೇ ಕೊಡತಕ್ಕದ್ದೆಂದು ಮಿತಿಗೊಳಿಸಿತು.

ಕೂಡಿಸಿ ಕೊಟ್ಟಾಗ ಫಲವೇನು? ಜಠರದ ಕ್ಯಾನ್ಸರಿಗೆ ಶಸ್ತ್ರಚಿಕಿತ್ಸೆಯಾದ ೨೬೨ ರೋಗಿಗಳ ಪರೀಕ್ಷೆಯೊಂದರ ಫಲಿತಾಂಶವು ೧೯೯೪ರಲ್ಲಿ ಪ್ರಕಟವಾಯಿತು. ರಾಸಾಯನಿಕ ಚಿಕಿತ್ಸೆಯೊಡನೆ ಕ್ರೆಸ್ಟಿನ್ ತೆಗೆದುಕೊಂಡವರಲ್ಲಿ ಐದು ವರ್ಷ ಬದುಕಿದವರು ಶೇಕಡ ೭೩, ಚಿಕಿತ್ಸೆ ಮಾತ್ರ ಪಡೆದವರಲ್ಲಿ ಶೇಕಡ ೬೦. ಎಂಟು ಪರೀಕ್ಷೆಗಳ ೮,೦೦೯ ರೋಗಿಗಳನ್ನು ಒಟ್ಟುಗೂಡಿಸಿದ ೨೦೦೭ರ ವಿಶ್ಲೇಷಣೆಯಲ್ಲಿ ಸಾವಿನ ಅಪಾಯವು ಶೇಕಡ ೧೨ರಷ್ಟು ಮಾತ್ರ ಕಡಮೆಯಾಗಿ ಕಂಡಿತು. ಇದು ಸಣ್ಣ ಲಾಭ, ಆದರೆ ಲಾಭವೇ. ಇದನ್ನು ಅಲ್ಲಗಳೆಯುವುದೂ ಉಬ್ಬಿಸುವುದೂ ಸರಿಯಲ್ಲ. ಲೆಂಟಿನಾನಿನ ಭಾಗ್ಯವು ಅಷ್ಟೂ ಇರಲಿಲ್ಲ: ಹೊಸ ರಾಸಾಯನಿಕ ಮದ್ದಿನೊಡನೆ ಅದನ್ನು ಕೂಡಿಸಿ ೩೦೯ ರೋಗಿಗಳಲ್ಲಿ ನಡೆಸಿದ, ೨೦೧೬ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ ಆಯುಸ್ಸು ಬೆಳೆಯಲಿಲ್ಲ. ಜಠರದ ಕ್ಯಾನ್ಸರಿಗೆ ಉತ್ತಮವಾದ ಬೇರೆ ಮದ್ದುಗಳು ಬಂದುವು. ೨೦೧೦ರ ದಶಕದ ಉತ್ತರಾರ್ಧದಲ್ಲಿ ಈ ಎರಡು ಅಣಬೆಮದ್ದುಗಳ ಮಾರಾಟವೂ ಜಪಾನಿನಲ್ಲಿ ನಿಂತುಹೋಯಿತು.

ಇನ್ನು ಲಿಂಗ್‌ಝಿ. ೨೦೧೨ರಲ್ಲಿ ಕೊಕ್ರೇನ್ ಸಂಸ್ಥೆಯ ವಿಮರ್ಶಕರು ಇದನ್ನು ಕುರಿತು ನಡೆದ ಪರೀಕ್ಷೆಗಳನ್ನೆಲ್ಲ ಶೋಧಿಸಿದಾಗ, ಲೆಕ್ಕಕ್ಕೆ ಬಂದುವು ಐದು. ರೋಗಿಗಳು ಒಟ್ಟು ೩೭೩. ಬೇರೆ ಚಿಕಿತ್ಸೆಯೊಡನೆ ಕೂಡಿಸಿದಾಗ ಗಂತಿಯು ಕುಗ್ಗುವ ಸಂಭವವು ತುಸು ಹೆಚ್ಚೆಂದು ಕಂಡರೂ, ಪರೀಕ್ಷೆಗಳ ಗುಣವು ಸಾಲದೆಂದೂ, ಕ್ಯಾನ್ಸರಿಗೆ ಮುಖ್ಯ ಚಿಕಿತ್ಸೆಯಾಗಿ ಇದನ್ನು ಬಳಸಲು ಆಧಾರವಿಲ್ಲವೆಂದೂ ಅವರು ತೀರ್ಮಾನಿಸಿದರು. ಇದರ ಚೂರ್ಣವನ್ನು ಸೇವಿಸಿದ ಕೆಲವರಲ್ಲಿ ಯಕೃತ್ತಿಗೆ ಅಪಾಯವಾದ ವರದಿಗಳೂ ವೈದ್ಯಪತ್ರಿಕೆಗಳಲ್ಲಿ ಬಂದಿವೆ. ಇಲ್ಲಿ ವಿಚಿತ್ರವಾದ ಸಂಗತಿಯೊಂದುಂಟು. ಪರೀಕ್ಷೆಗೆ ತಲೆಯೊಡ್ಡಿದ ಎರಡು ಮದ್ದುಗಳು ತಮ್ಮ ಮಿತಿಯನ್ನು ತೋರಿಸಿ ಅಂಗಡಿಯಿಂದ ಹಿಂದೆ ಸರಿದುವು. ಸರಿಯಾಗಿ ಪರೀಕ್ಷೆಗೆ ಒಳಗಾಗದ ಲಿಂಗ್‌ಝಿಯು ಆಹಾರವಸ್ತುವೆಂಬ ಹೆಸರಿನಲ್ಲಿ, ಅವುಗಳ ಪ್ರಯೋಗಫಲವನ್ನೂ ತನ್ನ ಪ್ರಾಚೀನಕೀರ್ತಿಯನ್ನೂ ಒಟ್ಟಿಗೆ ಧರಿಸಿಕೊಂಡು ನಿಂತಿದೆ.

ರೋಗಿಗಳ ಆಸೆಯನ್ನು ಹಾಸ್ಯಮಾಡುವುದು ನನ್ನ ಅಭಿಪ್ರಾಯವಲ್ಲ. ಸೊಲ್ಝೆನಿತ್ಸಿನನ ‘ಕ್ಯಾನ್ಸರ್ ವಾರ್ಡ್’ ಕಾದಂಬರಿಯನ್ನು ಓದಿದ ಅಧ್ಯಾಪಕರಿಗೆ, ಬರ್ಚ್ ಮರದ ‘ಚಾಗಾ’ ಎಂಬ ಅಣಬೆಯ ಸುದ್ದಿ ಬಂದಾಗ ಹಾಸಿಗೆ ಹಿಡಿದವರ ಮುಖಗಳಲ್ಲಿ ಮೂಡಿದ ಕಳೆಯು ನೆನಪಿರಬಹುದು. ಆಸೆಯ ಆ ಚಿತ್ರವು ಸತ್ಯವಾದುದು. ಅಪಾಯವಿರುವುದು ಆಸೆಯು ಚಿಕಿತ್ಸೆಯ ಜಾಗದಲ್ಲಿ ಕುಳಿತಾಗ. ಪೂರಕಚಿಕಿತ್ಸೆಗಳನ್ನು ಆಶ್ರಯಿಸಿದ ಅಮೆರಿಕದ ೨೫೮ ಕ್ಯಾನ್ಸರ್ ರೋಗಿಗಳನ್ನು ಇತರರೊಡನೆ ಹೋಲಿಸಿ ೨೦೧೮ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಅವರ ಸಾವಿನ ಅಪಾಯವು ಎರಡರಷ್ಟಾಗಿದ್ದಿತು. ಕಾರಣವೆಂದರೆ, ಅವರಲ್ಲಿ ಹೆಚ್ಚು ಜನರು ಶಸ್ತ್ರಚಿಕಿತ್ಸೆ ಮೊದಲಾದವುಗಳಲ್ಲಿ ಒಂದಲ್ಲ ಒಂದನ್ನು ಬೇಡವೆಂದಿದ್ದರು. ಆ ನಿರಾಕರಣೆಯನ್ನು ಲೆಕ್ಕಕ್ಕೆ ತೆಗೆದುಕೊಂಡಾಗ ವ್ಯತ್ಯಾಸವು ಉಳಿಯಲಿಲ್ಲ.

ಈ ಗ್ರಂಥಗಳ ಭಾಗಗಳನ್ನು ಕನ್ನಡಕ್ಕೆ ತರುವವರು ಕೆಲವು ಎಚ್ಚರಿಕೆಗಳನ್ನು ಇಟ್ಟುಕೊಳ್ಳುವುದು ಯುಕ್ತ. ಝಿ ಎಂಬುದನ್ನು ‘ಝಿ’ ಎಂದೇ ಬಿಡಬೇಕು; ಅಣಬೆಯೆಂದು ಸಂದರ್ಭವು ಹೇಳಿದಲ್ಲಿ ಮಾತ್ರ ಅಣಬೆಯೆನ್ನಬೇಕು. ‘ಜಿಯೆ’ಯನ್ನು ‘ಎದೆಕಟ್ಟು’ ಎನ್ನಬಹುದು, ಅರ್ಬುದವೆನ್ನಬಾರದು. ಆಯುಸ್ಸು, ಮೈಹಗುರ, ಅಮರತ್ವ ಎಂಬ ಮಾತುಗಳನ್ನು ಅವು ಎಷ್ಟೇ ಅತಿಶಯವಾಗಿ ಕಂಡರೂ ಹಾಗೆಯೇ ಉಳಿಸಬೇಕು. ಅವನ್ನು ‘ರೋಗನಿರೋಧಕ ಶಕ್ತಿ’ಯೆಂದು ತಿದ್ದಿದರೆ ಮೂಲದ ನಂಬಿಕೆಯೂ ಹೋಗುತ್ತದೆ, ಇಂದಿನ ಶಾಸ್ತ್ರದ ಪದವೂ ಹಾಳಾಗುತ್ತದೆ. ಲಿ ಷಿಝೆನನ ವಾಕ್ಯಗಳನ್ನು ಅನುವಾದಿಸುವಾಗ, ಅವನು ಉದ್ಧರಿಸಿದ ಹಿಂದಿನವರ ಪಾಠವೆಲ್ಲಿ ಮುಗಿಯಿತು, ಅವನ ಸ್ವಂತ ಮಾತೆಲ್ಲಿ ಮೊದಲಾಯಿತು ಎಂಬುದನ್ನು ಗುರುತುಹಾಕಿ ತೋರಿಸತಕ್ಕದ್ದು. ಇಲ್ಲದಿದ್ದರೆ ಅವನು ಖಂಡಿಸುವುದಕ್ಕಾಗಿಯೇ ಎತ್ತಿ ಬರೆದ ಸ್ತುತಿಯು ಅವನದೇ ಹೆಸರಿನಲ್ಲಿ ಪ್ರಮಾಣವಾಗಿ ಚಲಾವಣೆಗೆ ಬರುತ್ತದೆ.